ಪದಚರ್ಚೆ: ಪಾಜಿಯೋ, ಭಾಜಿಯೋ? ಪಂಜಾಬಿ ಹೆಸರುಗಳನ್ನು ಕನ್ನಡದಲ್ಲಿ ಬರೆಯುವುದು ಹೇಗೆ

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ಪಂಜಾಬಿನ ಹಳ್ಳಿಯೊಂದರ ಕುರಿತ ಲೇಖನ ಕನ್ನಡಕ್ಕೆ ಬರುತ್ತಿದೆ. ಅಣ್ಣನನ್ನು ಕರೆಯುವ ಮಾತು ಕಿವಿಗೆ 'ಪಾಜಿ' ಎಂದೇ ಬೀಳುತ್ತದೆ, ಬರಹದಲ್ಲಿ ಮಾತ್ರ 'ಭಾಜೀ' ಎಂದಿದೆ. ಹಾಗೆಯೇ 'ಘರ್' ಎಂದು ಬರೆದಿದ್ದನ್ನು 'ಕರ್' ಎನ್ನುತ್ತಾರೆ, 'ಧರಮ್' ಎಂಬುದು 'ತರಮ್' ಎಂದು ಕೇಳುತ್ತದೆ. ಇದು ಓದು ಬಾರದವರ ತಪ್ಪು ಉಚ್ಚಾರವೇ? ಊರ ಹೆಸರುಗಳಲ್ಲೂ ಗೊಂದಲವಿದೆ. ಲುಧಿಯಾನ, ಲೂಧಿಯಾನಾ, ಲುಧಿಯಾಣ, ಇವುಗಳಲ್ಲಿ ಯಾವುದು ಸರಿ? ಇನ್ನೊಂದು, 'ಗುರುಮುಖಿ ಭಾಷೆ' ಎನ್ನಬಹುದೇ? ತಿಳಿದವರು ದಯವಿಟ್ಟು ಹೇಳಿ.

ಉತ್ತರ 1

ಕೊನೆಯದಕ್ಕೆ ಮೊದಲು ಉತ್ತರಿಸಿಬಿಡುತ್ತೇನೆ. 'ಗುರುಮುಖಿ ಭಾಷೆ' ಬೇಡ. ಭಾಷೆ ಪಂಜಾಬಿ, ಗುರ್ಮುಖಿ ಅದರ ಲಿಪಿ. 16ನೆಯ ಶತಮಾನದಲ್ಲಿ ಸಿಖ್ಖರ ಎರಡನೆಯ ಗುರು ಅಂಗದರು ಅದಕ್ಕೊಂದು ಒಪ್ಪವಾದ ರೂಪ ಕೊಟ್ಟರು. ಗಡಿಯಾಚೆ ಪಾಕಿಸ್ತಾನದಲ್ಲಿ ಇದೇ ಭಾಷೆಯನ್ನು ಶಾಹ್‌ಮುಖಿಯಲ್ಲಿ, ಅಂದರೆ ಬಲದಿಂದ ಎಡಕ್ಕೆ ಸಾಗುವ ಫಾರ್ಸಿ ಮೂಲದ ಲಿಪಿಯಲ್ಲಿ ಬರೆಯುತ್ತಾರೆ. ಅಮೃತಸರದವರೂ ಲಾಹೋರಿನವರೂ ಎದುರು ಬದುರು ಕೂತರೆ ಮಾತು ಸಲೀಸಾಗಿ ನಡೆಯುತ್ತದೆ, ಕಾಗದ ಬರೆದುಕೊಂಡರೆ ಹೆಚ್ಚಿನವರಿಗೆ ಅದು ಓದಲಾಗದು.

ಇನ್ನು 'ತಪ್ಪು ಉಚ್ಚಾರ'ದ ಮಾತು. ಇದಕ್ಕೆ ಸ್ವಲ್ಪ ವಿವರವಾಗಿಯೇ ಉತ್ತರಿಸಬೇಕು, ಏಕೆಂದರೆ ಪಂಜಾಬಿಯ ಬಗ್ಗೆ ಇರುವ ತಾತ್ಸಾರದ ದೊಡ್ಡ ಪಾಲು ಇಲ್ಲಿಂದಲೇ ಹುಟ್ಟಿದೆ.

ಪಂಜಾಬಿಯಲ್ಲಿ ದನಿಯ ಏರಿಳಿತಕ್ಕೆ ಅರ್ಥವಿದೆ. ಭಾರತದ ದೊಡ್ಡ ಭಾಷೆಗಳಲ್ಲಿ ಇದು ವಿರಳ. ಘ, ಝ, ಢ, ಧ, ಭ ಎಂಬ ಐದು ಅಕ್ಷರಗಳ ಹಳೆಯ ಉಸಿರು ಹೋಗಿ, ಅದರ ಜಾಗಕ್ಕೆ ಈ ಏರಿಳಿತ ಬಂದಿದೆ. ಪದದ ಮೊದಲಲ್ಲಿ ಬಂದರೆ ಅವು ಕ, ಚ, ಟ, ತ, ಪ ಆಗುತ್ತವೆ, ಮುಂದಿನ ಸ್ವರದಲ್ಲಿ ದನಿ ತಗ್ಗಿ ಮತ್ತೆ ಮೇಲೇಳುತ್ತದೆ. ನಡುವೆಯೋ ಕೊನೆಯಲ್ಲೋ ಬಂದರೆ ಗ, ಜ, ಡ, ದ, ಬ ಆಗಿ ಉಳಿಯುತ್ತವೆ, ಸಾಮಾನ್ಯವಾಗಿ ಹಿಂದಿನ ಸ್ವರದಲ್ಲಿ ದನಿ ಏರುತ್ತದೆ. ಮುಂದಿನ ಸ್ವರದ ಮೇಲೆ ಒತ್ತು ಬಿದ್ದರೆ ಮಾತ್ರ ಅದೇ ಸ್ವರ ತಗ್ಗುತ್ತದೆ. ಅಕ್ಷರಗಳ ಹೆಸರಿನಲ್ಲೇ ಇದು ಕಾಣುತ್ತದೆ: ಘ ಅಕ್ಷರದ ಹೆಸರನ್ನು ಪಂಜಾಬಿ ಮಕ್ಕಳು 'ಕಗ್ಗಾ' ಎಂದೂ, ಭ ಅಕ್ಷರದ ಹೆಸರನ್ನು 'ಪಬ್ಬಾ' ಎಂದೂ, ಧ ಅಕ್ಷರದ ಹೆಸರನ್ನು 'ತದ್ದಾ' ಎಂದೂ ತಗ್ಗಿದ ದನಿಯಲ್ಲಿ ಹೇಳುತ್ತಾರೆ.

ತಗ್ಗಿಸಿ 'ಕೋಡಾ' ಎಂದರೆ ಕುದುರೆ (ಬರಹದಲ್ಲಿ ಘೋಡಾ). ಸಮ ದನಿಯಲ್ಲಿ ಅದೇ 'ಕೋಡಾ' ಎಂದರೆ ಚಾಟಿ. ಏರಿಸಿ ಹೇಳಿದರೆ ಕುಷ್ಠರೋಗಿ. ಹೀಗಾಗಿ 'ಘ ಹೇಳಲಾಗದೆ ಕ ಅನ್ನುತ್ತಾರೆ' ಎಂಬ ಆರೋಪ ನಿಲ್ಲುವುದಿಲ್ಲ. ಅವರ ಕಿವಿಗೆ ಆ ಎರಡು ಪದಗಳು ಎಂದೂ ಒಂದೇ ಆಗಿಲ್ಲ, ನಮ್ಮ ಕಿವಿಗೆ ಮಾತ್ರ ಒಂದೇ. ಚಂಡೀಗಢದ ಪ್ರಾಧ್ಯಾಪಕರೂ ಹೊಲದ ರೈತರೂ ಹೀಗೆಯೇ ಮಾತಾಡುತ್ತಾರೆ, ಓದಿಗೂ ಇದಕ್ಕೂ ಸಂಬಂಧವಿಲ್ಲ. ನಮ್ಮಲ್ಲೂ 'ಬಾಸೆ', 'ದರ್ಮ' ಎಂದವರನ್ನು ನೋಡಿ ನಗುವವರಿದ್ದಾರೆ. ವ್ಯತ್ಯಾಸ ಇಷ್ಟೆ: ಆಡುಗನ್ನಡದಲ್ಲಿ ಮಹಾಪ್ರಾಣ ಹೋದ ಕಡೆ ಬೇರೇನೂ ಬರಲಿಲ್ಲ, ಪಂಜಾಬಿಯಲ್ಲಿ ಅದರ ಕೆಲಸವನ್ನು ದನಿ ವಹಿಸಿಕೊಂಡಿತು.

ಒಂದು ಎಚ್ಚರಿಕೆ. ಮಹಾಪ್ರಾಣವೆಲ್ಲ ಹೋಯಿತೆಂದು ತಿಳಿಯಬೇಡಿ. ಖ, ಛ, ಠ, ಥ, ಫ ಗಟ್ಟಿಯಾಗಿ ಉಳಿದಿವೆ. 'ಖಾಲ್ಸಾ'ದ ಖ ಅಲ್ಪಪ್ರಾಣವಾದರೆ ಅದು ನಿಜವಾಗಿಯೂ ತಪ್ಪು. ಹಕಾರವೂ ಪದದ ಮೊದಲಲ್ಲಿ ಸ್ಪಷ್ಟ, ಕೊನೆಯಲ್ಲಿ ಕರಗಿ ದನಿ ಏರುತ್ತದೆ. ಟೀಗೆ 'ಚಾಹ' ಎಂದು ಬರೆಯುತ್ತಾರೆ, ಕೇಳುವುದು ಏರುದನಿಯ 'ಚಾ'.

ಹಾಗಾದರೆ ಕನ್ನಡದಲ್ಲಿ ಏನು ಮಾಡೋಣ? ಹೆಸರು, ಊರು, ವಸ್ತು, ಹಬ್ಬ ಇವಕ್ಕೆ ಗುರ್ಮುಖಿ ಕಾಗುಣಿತವನ್ನೇ ಹಿಡಿಯಿರಿ. ನಮ್ಮ ಲಿಪಿಯಲ್ಲಿ ದನಿ ತೋರಿಸುವ ಗುರುತಿಲ್ಲ. 'ಕೋಡಾ' ಎಂದು ಬರೆದರೆ ಕುದುರೆ ಚಾಟಿಯಾಗುತ್ತದೆ, 'ಘೋಡಾ' ಎಂದರೆ ಪದದ ಗುರುತು ಉಳಿಯುತ್ತದೆ. ಆದರೆ ಸಂಭಾಷಣೆಯಲ್ಲಿ ಕರೆಯುವ ಮಾತುಗಳಿಗೆ ಕಿವಿಯನ್ನೇ ನಂಬಿ, 'ಪಾಜಿ' ಎಂದೇ ಇಡಿ. ಸಿನಿಮಾ, ಕ್ರಿಕೆಟ್ಟಿನ ದಾರಿಯಲ್ಲಿ ಅದು ಹಾಗೆಯೇ ನಮ್ಮಲ್ಲಿಗೆ ಬಂದಿದೆ. ಮೇಲಾಗಿ 'ಭಾಜಿ' ಎಂದರೆ ಧಾರವಾಡದ ಓದುಗರಿಗೆ ಪಲ್ಯವೇ ನೆನಪಾಗುತ್ತದೆ. ಅಕ್ಕನಿಗೆ ಬರಹದಲ್ಲಿ 'ಭೈಣ್ ಜೀ', ಮಾತಿನಲ್ಲಿ 'ಪೈಣ್ ಜೀ'. ಎರಡರಲ್ಲೂ ಣ, ನ ಅಲ್ಲ. ನಿಮ್ಮ ಲೇಖನದ ಹಳ್ಳಿ ಯಾವ ಭಾಗದ್ದೆಂದು ನೋಡಿಕೊಳ್ಳಿ. ಪಾಜಿ ಅಮೃತಸರದ ಮಾಝಾ ಮತ್ತು ಜಲಂಧರದ ದೋಆಬಾ ಕಡೆಯ ರೂಢಿ. ಬಠಿಂಡಾ, ಸಂಗ್ರೂರ್ ಇರುವ ಮಾಲ್ವಾದಲ್ಲಿ ಗಂಡಸರು ಒಬ್ಬರನ್ನೊಬ್ಬರು 'ಬಾಈ' ಎನ್ನುತ್ತಾರೆ. ಕನ್ನಡ ಓದುಗರು ಅದನ್ನು ಹೆಂಗಸಿನ ಹೆಸರೆಂದುಕೊಳ್ಳುವುದು ಖಂಡಿತ, ಮೊದಲ ಸಲ ಬಂದಾಗ ಒಂದು ಮಾತು ಸೇರಿಸಿ.

ಊರುಗಳು. ಲುಧಿಯಾಣಾ ಸರಿ: ಲು ಹ್ರಸ್ವ, ಕೊನೆಗೆ ಣ. ಹರಿಯಾಣವನ್ನು ನಾವು ಸರಿಯಾಗಿ ಣಕಾರದಿಂದ ಬರೆಯುತ್ತೇವೆ, ಪಕ್ಕದ ಊರಿಗೆ ಬಂದಾಗ ಇಂಗ್ಲಿಷ್ ಕಾಗುಣಿತ ನೋಡಿ ನಕಾರ ಹಾಕುತ್ತೇವೆ. 'ಭಟಿಂಡಾ' ಅಲ್ಲ, ಬಠಿಂಡಾ. ಮಹಾಪ್ರಾಣ ಠಕಾರದಲ್ಲಿದೆ. ಮೊದಲ ಅಕ್ಷರ ಭ ಆಗಿದ್ದರೆ ಅಲ್ಲಿನವರು 'ಪಟಿಂಡಾ' ಎನ್ನಬೇಕಿತ್ತು, ಯಾರೂ ಹಾಗೆನ್ನುವುದಿಲ್ಲ. 'ಭಾಂಗ್ರಾ' ಕೂಡ ಇಂಗ್ಲಿಷಿನ ಮೂಲಕ ಬಂದದ್ದು. ಮೂಲದಲ್ಲಿ ಭಂಗಡಾ: ದೀರ್ಘವೂ ಇಲ್ಲ, ರಕಾರವೂ ಇಲ್ಲ. 'ಮಾಡು' ಎನ್ನುವಾಗ ನಾಲಿಗೆ ಹೊರಳುವಂತೆಯೇ ಅಲ್ಲಿಯೂ ಹೊರಳುತ್ತದೆ, ಹಾಗಾಗಿ ನಮ್ಮ ಡ ಸಾಕು, ಕೆಳಗೆ ಚುಕ್ಕೆ ಬೇಡ. ಪತ್ರಿಕೆಗಳಲ್ಲಿ ಭಾಂಗ್ರಾ ನೆಲೆ ನಿಂತಿರುವುದು ನಿಜ, ಆದರೂ ಪುಸ್ತಕದಲ್ಲಿ ಭಂಗಡಾ ಎಂದು ಬರೆಯುವ ಧೈರ್ಯ ಮಾಡಬೇಕು.

'ಸಿಂಗ್' ಮಾತ್ರ ಕಾಗುಣಿತದ ನಿಯಮಕ್ಕೆ ಹೊರತು, ರೂಢಿಯಲ್ಲಿರುವಂತೆ ಹಾಗೆಯೇ ಇರಲಿ. ಗುರ್ಮುಖಿಯಲ್ಲಿ ಕೊನೆಗೆ ಘ ಇದೆ, ಕೇಳುವುದು ಏರುದನಿಯ ಸಿಂಗ್. ಸಮ ದನಿಯ 'ಸಿಂಗ್' ಬೇರೆ ಪದ, ಪ್ರಾಣಿಯ ಕೊಂಬು ಎಂದು ಅರ್ಥ.

ಳಕಾರದ ಮಾತು ಕನ್ನಡಿಗರಿಗೆ ಇಷ್ಟವಾಗಬಹುದು. ಹಿಂದಿಯಲ್ಲಿ ಇಲ್ಲದ ಳ ಪಂಜಾಬಿಯಲ್ಲಿದೆ: ಕಪ್ಪಿಗೆ 'ಕಾಳಾ', ಗುಂಡು ಮಾತ್ರೆಗಳಿಗೆ 'ಗೋಳೀ'. ಗುರ್ಮುಖಿಯಲ್ಲಿ ಲ ಅಕ್ಷರದ ಕೆಳಗೆ ಚುಕ್ಕೆಯಿಟ್ಟು ಬರೆಯಬೇಕು, ಬಹಳ ಜನ ಚುಕ್ಕೆ ಬಿಡುತ್ತಾರೆ. ಆದ್ದರಿಂದ ಬರಹ ನೋಡಿ ಲ ಎಂದು ತೀರ್ಮಾನಿಸುವ ಮೊದಲು ನಿಘಂಟು ತೆರೆಯಿರಿ. ಶಾಹ್‌ಮುಖಿಯ ಳಕಾರಕ್ಕೆ ಯೂನಿಕೋಡ್‌ನಲ್ಲಿ ಜಾಗ ಸಿಕ್ಕಿದ್ದು 2020ರಲ್ಲಷ್ಟೇ.

ಉತ್ತರ 2

ಮೇಲಿನ ಉತ್ತರಕ್ಕೆ ಪೂರಕವಾಗಿ. ಪಂಜಾಬಿಯನ್ನು 'ಹಿಂದಿಯ ಒರಟು ರೂಪ' ಎನ್ನುವವರಿಗೆ ಎಣಿಕೆಯ ಪದಗಳನ್ನು ತೋರಿಸಿದರೆ ಸಾಕು. ಸಂಸ್ಕೃತದ ಸಪ್ತ ಪ್ರಾಕೃತದಲ್ಲಿ ಸತ್ತ ಆಯಿತು, ಪಂಜಾಬಿ ಆ ಒತ್ತನ್ನು ಉಳಿಸಿಕೊಂಡು 'ಸತ್ತ್' ಎನ್ನುತ್ತದೆ. ಹಿಂದಿಯಲ್ಲಿ ಒತ್ತು ಹೋಗಿ, ಸ್ವರ ದೀರ್ಘವಾಗಿ 'ಸಾತ್' ಆಯಿತು. ಅಟ್ಠ್ ಮತ್ತು ಆಠ್ (ಎಂಟು) ಹೀಗೆಯೇ, ಎಣಿಕೆಯಾಚೆ ಹತ್ಥ್ ಮತ್ತು ಹಾಥ್ (ಕೈ) ಕೂಡ. ಈ ವಿಷಯದಲ್ಲಿ ಹಳೆಯದನ್ನು ಕಾಪಾಡಿದ್ದು ಪಂಜಾಬಿಯೇ. ಗುರ್ಮುಖಿಯಲ್ಲಿ ಈ ಒತ್ತಿಗೆ 'ಅದ್ಧಕ್' ಎಂಬ ಗುರುತಿದೆ, ಇಮ್ಮಡಿಸುವ ಅಕ್ಷರಕ್ಕಿಂತ ಮುಂಚೆ ಮೇಲ್ಗಡೆ ಬರುತ್ತದೆ. ಕನ್ನಡಕ್ಕೆ ತರುವಾಗ ಮುಂದಿನ ಅಕ್ಷರಕ್ಕೆ ಒತ್ತು ಕೊಡಬೇಕು, ಅದನ್ನು ಸೊನ್ನೆಯೆಂದು ಓದಿದರೆ ಪದ ಕೆಡುತ್ತದೆ.

ಕೀಳರಿಮೆ ಹೊರಗಿನವರಿಂದ ಮಾತ್ರ ಬಂದದ್ದಲ್ಲ. 1951 ಮತ್ತು 1961ರ ಜನಗಣತಿಗಳಲ್ಲಿ, ಮನೆಯಲ್ಲಿ ಪಂಜಾಬಿ ಆಡುವ ಹಿಂದೂಗಳು ದೊಡ್ಡ ಸಂಖ್ಯೆಯಲ್ಲಿ ಮಾತೃಭಾಷೆ ಹಿಂದಿ ಎಂದು ಬರೆಸಿದರು. ಭಾಷೆಯ ಪ್ರಶ್ನೆ ಧರ್ಮದ ಪ್ರಶ್ನೆಯಾಗಿ ಹೋಯಿತು. ಕೊನೆಗೆ ಪಂಜಾಬಿ ಆಡುವವರ ರಾಜ್ಯ ಆದದ್ದು 1966ರ ನವೆಂಬರ್ 1ರಂದು, ನಮ್ಮ ರಾಜ್ಯೋದಯಕ್ಕೆ ಸರಿಯಾಗಿ ಹತ್ತು ವರ್ಷಗಳ ನಂತರ. 2011ರ ಜನಗಣತಿಯಲ್ಲಿ ಭಾರತದ ಪಂಜಾಬಿ ಮಾತೃಭಾಷಿಕರು 3.31 ಕೋಟಿ.

ಪಾಕಿಸ್ತಾನದ ಸ್ಥಿತಿ ಇದಕ್ಕಿಂತ ಕಷ್ಟದ್ದು. ಅಲ್ಲಿ ಎಲ್ಲಕ್ಕಿಂತ ಹೆಚ್ಚು ಜನರ ಮಾತೃಭಾಷೆ ಪಂಜಾಬಿಯೇ, 2023ರ ಗಣತಿಯ ಪ್ರಕಾರ ಸುಮಾರು 37 ಶೇಕಡ. ಆದರೂ ಶಾಲೆ, ಕಚೇರಿಗಳ ಭಾಷೆ ಉರ್ದು ಮತ್ತು ಇಂಗ್ಲಿಷ್. ಬ್ರಿಟಿಷರು 1849ರಲ್ಲಿ ಪಂಜಾಬನ್ನು ವಶಪಡಿಸಿಕೊಂಡ ಮೇಲೆ ಆಡಳಿತಕ್ಕೆ ಉರ್ದುವನ್ನು ತಂದರು, ದೇಶ ಬದಲಾದ ಮೇಲೂ ಆ ಪದ್ಧತಿ ಬದಲಾಗಲಿಲ್ಲ. 2016ರಲ್ಲಿ ಸಾಹಿವಾಲ್ ನಗರದ ಖಾಸಗಿ ಶಾಲೆಯೊಂದು, ಆಡಬಾರದ ಕೆಟ್ಟ ಮಾತುಗಳ ಸಾಲಿನಲ್ಲಿ ಬೈಗುಳದ ಜೊತೆಗೆ ಪಂಜಾಬಿಯನ್ನೂ ಸೇರಿಸಿ ಪಾಲಕರಿಗೆ ಸುತ್ತೋಲೆ ಕಳಿಸಿತ್ತು. ದೊಡ್ಡ ಪ್ರತಿಭಟನೆಯೇ ನಡೆಯಿತು.

ನಿಮ್ಮ ಲೇಖನದಲ್ಲಿ 'ಪೇಂಡೂ' ಬರಬಹುದು. ಹಳ್ಳಿಗೆ ಅವರಲ್ಲಿ 'ಪಿಂಡ್', ಅಲ್ಲಿಯವನು ಪೇಂಡೂ. ಹಳ್ಳಿಗರು ತಮ್ಮನ್ನು ತಾವು ಹಾಗೆಂದರೆ 'ಹಳ್ಳಿಯವ', ಪೇಟೆಯವರು ಅಂದರೆ 'ಹಳ್ಳಿ ಗಮಾರ'. ಆಡುವವರು ಯಾರೆಂದು ನೋಡಿಯೇ ಅನುವಾದಿಸಬೇಕು. 'ಪಿಂಡ್' ಎಂಬುದನ್ನು ಮಾತ್ರ ಹಾಗೆಯೇ ಬಿಡಬೇಡಿ, 'ಹಳ್ಳಿ' ಎಂದೇ ಹಾಕಿ. ನಮ್ಮವರಿಗೆ ಪಿಂಡ ಎಂದರೆ ಶ್ರಾದ್ಧದ ನೆನಪು.

ಬೀದರಿನ ಗುರುದ್ವಾರದ ಹೆಸರನ್ನು 'ನಾನಕ್ ಝೀರಾ' ಎಂದು ಬರೆಯುವುದು ಸರಿ. ಬಂಡೆಯ ಬುಡದಿಂದ ಹರಿಯುವ ಚಿಲುಮೆಯಿಂದ ಆ ಹೆಸರು. ಪಂಜಾಬಿನ ಯಾತ್ರಿಕರ ಬಾಯಲ್ಲಿ ಅದು ತಗ್ಗುದನಿಯ 'ಚೀರಾ' ಎಂದು ಕೇಳಿದರೆ ತಿದ್ದಲು ಹೋಗಬೇಡಿ, ಅವರು ಝಕಾರವನ್ನೇ ಹೇಳುತ್ತಿದ್ದಾರೆ.