ಷಾಬಿ ಅಲೊನ್ಸೊ ಅವರ ಯಾವ ಪಂದ್ಯವನ್ನು ಹುಡುಗನಿಗೆ ಮೊದಲು ತೋರಿಸಲಿ?

ಪ್ರಶ್ನೆ: ಕುವೆಂಪುನಗರ, ಮೈಸೂರು

ನಮ್ಮ ಬಡಾವಣೆಯ ಮಕ್ಕಳಿಗೆ ನಾನು ಭಾನುವಾರಗಳಂದು ಫುಟ್‌ಬಾಲ್ ಹೇಳಿಕೊಡುತ್ತೇನೆ. ಅವರಲ್ಲಿ ಒಬ್ಬ ಹುಡುಗ ವೇಗವಾಗಿ ಓಡಲಾರ. ಆದರೆ ಚೆಂಡು ಕಾಲಿಗೆ ಬರುವ ಮೊದಲೇ ಯಾರು ಎಲ್ಲಿ ನಿಂತಿದ್ದಾರೆಂದು ನೋಡಿಟ್ಟುಕೊಂಡಿರುತ್ತಾನೆ. ಜಾರಿ ಬಿದ್ದು ಎದುರಾಳಿಯ ಕಾಲಿನಿಂದ ಚೆಂಡು ಕಸಿಯುವ ಟ್ಯಾಕಲ್ ಮಾಡುವವರಿಗೆ ಬೀಳುವ ಚಪ್ಪಾಳೆ ತನಗೆ ಬೀಳುವುದಿಲ್ಲವೆಂದು ಈಚೆಗೆ ಮಂಕಾಗಿದ್ದಾನೆ. ಅವನಿಗೆ ಸ್ಪೇನ್ ಆಟಗಾರ ಅಲೊನ್ಸೊ ಅವರ ಆಟ ತೋರಿಸಬೇಕೆಂದಿದ್ದೇನೆ. 2017ರಲ್ಲಿ ನಿವೃತ್ತರಾದ ಅವರನ್ನು ಈಗಿನ ಮಕ್ಕಳು ತರಬೇತುದಾರರೆಂದಷ್ಟೇ ಬಲ್ಲರು. ಎಲ್ಲಿಂದ ಆರಂಭಿಸಲಿ?

ಉತ್ತರ 1: ಮಂಡ್ಯ

ನಮ್ಮ ಕಡೆಯವರಿಗೆ ಅಲೊನ್ಸೊ ಅವರನ್ನು ವಿವರಿಸುವುದು ಸುಲಭ, ಏಕೆಂದರೆ ಅವರು ಮೈದಾನದ ನೀರುಗಂಟಿ. ನೀರುಗಂಟಿ ಗದ್ದೆಯಿಂದ ಗದ್ದೆಗೆ ಓಡುವುದಿಲ್ಲ. ಯಾವ ತೂಬನ್ನು ಯಾವಾಗ ತೆರೆದರೆ ಕೊನೆಯ ಗದ್ದೆಗೂ ನೀರು ಮುಟ್ಟುತ್ತದೆಂದು ತಿಳಿದಿರುತ್ತಾನೆ. ಡಿಫೆಂಡರ್‌ಗಳ ಮುಂದೆ ನಿಂತು ಎದುರು ಬದಿಯ ಆಟಗಾರನ ಕಾಲಿಗೆ ಉದ್ದದ ಪಾಸ್ ಮುಟ್ಟಿಸುತ್ತಿದ್ದ ಅಲೊನ್ಸೊ ಅವರ ಕೆಲಸವೂ ಅದೇ.

ಆ ವಿದ್ಯೆ ಮನೆಯಲ್ಲೇ ಇತ್ತು. 1981 ಮತ್ತು 1982ರಲ್ಲಿ ಸ್ಪೇನ್ ಲೀಗ್ ಗೆದ್ದ ರಿಯಲ್ ಸೊಸಿಯೆದಾದ್ ತಂಡದಲ್ಲಿ ತಂದೆ ಪೆರಿಕೊ ಅವರೂ ಮಿಡ್‌ಫೀಲ್ಡರ್ (ಮೈದಾನದ ನಡುಭಾಗದ ಆಟಗಾರ) ಆಗಿದ್ದರು. ಮಗನಿದ್ದ ಅದೇ ತಂಡ 2003ರಲ್ಲಿ ಕೇವಲ ಎರಡು ಅಂಕಗಳಿಂದ ರಿಯಲ್ ಮ್ಯಾಡ್ರಿಡ್‌ಗೆ ಪ್ರಶಸ್ತಿ ಬಿಟ್ಟುಕೊಟ್ಟಿತು. ಮರುವರ್ಷ ಅಲೊನ್ಸೊ ಇಂಗ್ಲೆಂಡ್‌ನ ಲಿವರ್‌ಪೂಲ್ ಸೇರಿದರು.

ತಾವು ಯುರೋಪಿನ ಕ್ಲಬ್‌ಗಳ ಚಾಂಪಿಯನ್ಸ್ ಲೀಗ್‌ನ 2005ರ ಇಸ್ತಾಂಬುಲ್ ಫೈನಲ್‌ನ ದ್ವಿತೀಯಾರ್ಧದಿಂದ ಆರಂಭಿಸಿ. ಎಸಿ ಮಿಲಾನ್ ಎದುರು 3-0 ಹಿಂದಿದ್ದ ಲಿವರ್‌ಪೂಲ್ ವಿರಾಮದ ನಂತರ ಮತ್ತೊಬ್ಬ ಮಿಡ್‌ಫೀಲ್ಡರ್ ಹಾಮನ್ ಅವರನ್ನು ಇಳಿಸಿತು; ರಕ್ಷಣೆಯ ಭಾರ ಹಂಚಿಹೋಗಿ ಅಲೊನ್ಸೊ ಅವರ ಪಾಸುಗಳಿಗೆ ದಾರಿ ತೆರೆಯಿತು. 60ನೇ ನಿಮಿಷದಲ್ಲಿ ಅವರ ಪೆನಾಲ್ಟಿಯನ್ನು ಗೋಲ್‌ಕೀಪರ್ ದೀದಾ ತಡೆದರೂ, ಚಿಮ್ಮಿದ ಚೆಂಡನ್ನು ಅವರೇ ಗೋಲಿಗೆ ಅಟ್ಟಿ 3-3 ಮಾಡಿದರು.

ಉತ್ತರ 2: ಸರಸ್ವತಿಪುರಂ, ಮೈಸೂರು

ಇಸ್ತಾಂಬುಲ್ ಬೇಡವೆಂದು ನನ್ನ ವಿನಂತಿ. ಆ ರಾತ್ರಿಯ ಆವೇಶವನ್ನು ನೋಡಿದ ಹುಡುಗ ಮತ್ತೆ ಆವೇಶವನ್ನೇ ಕಲಿಯುತ್ತಾನೆ. 2006ರ ಜನವರಿಯಲ್ಲಿ ಲೂಟನ್ ಕ್ಲಬ್ ವಿರುದ್ಧ ಅಲೊನ್ಸೊ ಮೈದಾನದ ತಮ್ಮ ಅರ್ಧದಿಂದಲೇ ಖಾಲಿ ಗೋಲಿಗೆ ಒದ್ದ ಚೆಂಡನ್ನು ತೋರಿಸಿ. ಎದುರಾಳಿ ಗೋಲ್‌ಕೀಪರ್ ಮುಂದೆ ಬಂದದ್ದನ್ನು ತಲೆಯೆತ್ತಿ ನೋಡಿದವರಿಗೆ ಮಾತ್ರ ಅದು ಹೊಳೆಯುತ್ತದೆ. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ನ್ಯೂಕ್ಯಾಸಲ್ ವಿರುದ್ಧವೂ ಅವರು ಅಷ್ಟೇ ದೂರದಿಂದ ಗೋಲು ಹೊಡೆದರು.

ಉತ್ತರ 3: ಮಂಡ್ಯ

2010ರ ವಿಶ್ವಕಪ್ಪನ್ನು ಇಲ್ಲಿ ಯಾರೂ ಹೇಳಲಿಲ್ಲವೆಂಬುದು ನನಗೆ ಬೇಸರ ತಂದಿದೆ. ಮೊದಲ ಪಂದ್ಯದಲ್ಲಿ ಸ್ಪೇನ್ ಸ್ವಿಟ್ಜರ್ಲೆಂಡ್‌ಗೆ ಸೋತಾಗ, ಮಿಡ್‌ಫೀಲ್ಡರ್‌ಗಳಾದ ಬುಸ್ಕೆಟ್ಸ್ ಮತ್ತು ಅಲೊನ್ಸೊ ಇಬ್ಬರನ್ನೂ ಹಿಂದೆ ನಿಲ್ಲಿಸುವುದು ಅನಗತ್ಯವೆಂಬ ಟೀಕೆ ಸ್ಪೇನ್‌ನಲ್ಲೇ ಎದ್ದಿತು. ತರಬೇತುದಾರ ದೆಲ್ ಬೊಸ್ಕೆ ಆ ಜೋಡಿಯನ್ನು ಬಿಡಲಿಲ್ಲ, ಸ್ಪೇನ್ ಮತ್ತೆ ಸೋಲಲೂ ಇಲ್ಲ. ಫೈನಲ್‌ನಲ್ಲಿ ನೆದರ್ಲೆಂಡ್ಸ್‌ನ ಡಿ ಯಾಂಗ್ ಅವರ ಬೂಟು ಎದೆಗೆ ಬಡಿದ ಮೇಲೂ ಅಲೊನ್ಸೊ 87ನೇ ನಿಮಿಷದವರೆಗೆ ಆಡಿದರು. ಎರಡು ವರ್ಷಗಳ ನಂತರ ಯೂರೊ ಕಪ್ ಕ್ವಾರ್ಟರ್‌ಫೈನಲ್‌ನಲ್ಲಿ, ತಮ್ಮ ನೂರನೇ ಅಂತರರಾಷ್ಟ್ರೀಯ ಪಂದ್ಯದಲ್ಲಿ, ಫ್ರಾನ್ಸ್ ವಿರುದ್ಧದ ಎರಡೂ ಗೋಲುಗಳನ್ನು ಅವರೇ ಹೊಡೆದರು.

ಟ್ಯಾಕಲ್ ಎಂಬುದು ಬೇರೆ ದಾರಿ ಇಲ್ಲದಾಗ ಮಾಡುವಂಥದ್ದು, ಅದೇ ಒಂದು ಗುಣವಲ್ಲ ಎಂಬುದು ಅವರ ಬಹಿರಂಗ ನಿಲುವಾಗಿತ್ತು. ಹುಡುಗನಿಗೆ ಇದನ್ನು ಹೇಳುವಾಗ 2014ರ ಚಾಂಪಿಯನ್ಸ್ ಲೀಗ್ ಸೆಮಿಫೈನಲ್ ಅನ್ನೂ ತೋರಿಸಿ. ಜರ್ಮನಿಯ ಬಯರ್ನ್ ವಿರುದ್ಧ ಅವರು ಆಗ ಆಡುತ್ತಿದ್ದ ರಿಯಲ್ ಮ್ಯಾಡ್ರಿಡ್ ಸುಲಭವಾಗಿ ಗೆಲ್ಲುತ್ತಿದ್ದಾಗ, ಎದುರಾಳಿ ಶ್ವೈನ್‌ಸ್ಟೈಗರ್ ಮೇಲೆ ಅವರು ತಡವಾಗಿ ಮಾಡಿದ ಒಂದು ಟ್ಯಾಕಲ್‌ಗೆ ಹಳದಿ ಕಾರ್ಡ್ ಬಿತ್ತು, ಕಾರ್ಡುಗಳ ಲೆಕ್ಕ ಮಿತಿ ಮುಟ್ಟಿ ಅವರಿಗೆ ಫೈನಲ್ ತಪ್ಪಿತು. ಲಿಸ್ಬನ್‌ನಲ್ಲಿ ನಡೆದ ಆ ಫೈನಲ್‌ನಲ್ಲಿ ತಂಡ ಅಟ್ಲೆಟಿಕೊ ವಿರುದ್ಧ 4-1ರಿಂದ ಗೆದ್ದ ರಾತ್ರಿ ಅವರು ಸೂಟು ತೊಟ್ಟು ಪ್ರೇಕ್ಷಕರ ನಡುವೆ ಇದ್ದರು.

ಪ್ರಶ್ನೆ ಕೇಳಿದವರು

ಧನ್ಯವಾದಗಳು. ಮೊದಲು ಲೂಟನ್ ಗೋಲು, ಆಮೇಲೆ ಲಿಸ್ಬನ್. ಇಸ್ತಾಂಬುಲ್ ಅನ್ನು ರಜೆಯಲ್ಲಿ ಎಲ್ಲ ಮಕ್ಕಳ ಜೊತೆ ಕುಳಿತು ನೋಡುತ್ತೇವೆ.