ಬರೀ ಧರ್ಮದ ಜಗಳವಾ? ಮನೆ ಗುಂಪಿನಲ್ಲಿ ಒಂದು ರಾತ್ರಿ

ಸುರೇಶ ಚಿಕ್ಕಪ್ಪ: *ಫಾರ್ವರ್ಡ್ ಮಾಡಲಾಗಿದೆ*
🔥 1618, ಮೇ 23. ಪ್ರಾಗ್ ಕೋಟೆ. ಇಬ್ಬರು ಕ್ಯಾಥೊಲಿಕ್ ಅಧಿಕಾರಿಗಳನ್ನು ಪ್ರಾಟೆಸ್ಟಂಟರು ಕಿಟಕಿಯಿಂದ ಹೊರಗೆ ಎಸೆದರು. ಸಗಣಿ ರಾಶಿಯ ಮೇಲೆ ಬಿದ್ದು ಬದುಕಿಕೊಂಡರು! ಇಷ್ಟಕ್ಕೇ 30 ವರ್ಷ ಯುದ್ಧ. ಬರೀ ಧರ್ಮಕ್ಕಾಗಿ ಹೊಡೆದಾಡಿ ಅರ್ಧ ಯುರೋಪ್ ಖಾಲಿಯಾಯಿತು. ಹತ್ತು ಜನರಿಗೆ ಕಳುಹಿಸಿ 🔥

ರಾಘು: ಚಿಕ್ಕಪ್ಪ, ಇಬ್ಬರಲ್ಲ, ಮೂವರು. ಸ್ಲಾವಾಟಾ, ಮಾರ್ಟಿನಿಟ್ಸ್, ಜೊತೆಗೆ ಅವರ ಗುಮಾಸ್ತ ಫ್ಯಾಬ್ರಿಷಿಯಸ್. ಗುಮಾಸ್ತರನ್ನು ಯಾರೂ ಲೆಕ್ಕಕ್ಕೆ ಇಡುವುದಿಲ್ಲ ನೋಡಿ 😄

ಸುರೇಶ ಚಿಕ್ಕಪ್ಪ: ಮೂವರೇ ಇರಲಿ ಬಿಡಪ್ಪ. ಸಗಣಿ ರಾಶಿ ನಿಜ ತಾನೇ? ವಿಮಲಕ್ಕ, ನೀವೇ ಹೇಳಿ. ಮೂವತ್ತು ವರ್ಷ ಹಿಸ್ಟರಿ ಪಾಠ ಮಾಡಿದವರು.

ವಿಮಲತ್ತೆ: ಮೇರಿ ಮಾತೆ ಕೈಹಿಡಿದು ಇಳಿಸಿದಳು ಅಂತ ಕ್ಯಾಥೊಲಿಕರು ಹೇಳಿದರು. ತಿಪ್ಪೆ ಕಾಪಾಡಿತು ಅಂತ ಪ್ರಾಟೆಸ್ಟಂಟರು ಹೇಳಿದರು. ನಿನ್ನ ಫಾರ್ವರ್ಡ್ ಪ್ರಾಟೆಸ್ಟಂಟರ ಕಡೆಯದು, ಸುರೇಶ.

ರಾಘು: 😂😂

ರಾಘು: ನನ್ನ ತಕರಾರು ಸಗಣಿಯ ಮೇಲಲ್ಲ. "ಬರೀ ಧರ್ಮಕ್ಕಾಗಿ" ಅನ್ನುವುದರ ಮೇಲೆ. ಫ್ರಾನ್ಸ್ ಕ್ಯಾಥೊಲಿಕ್ ದೇಶ. ಅದನ್ನು ನಡೆಸುತ್ತಿದ್ದವನು ರಿಶಲ್ಯೂ, ಅವನೇ ಚರ್ಚಿನ ಕಾರ್ಡಿನಲ್. ಅವನು 1631ರಲ್ಲಿ ಪ್ರಾಟೆಸ್ಟಂಟ್ ಸ್ವೀಡನ್‌ಗೆ ವರ್ಷಕ್ಕೆ 4 ಲಕ್ಷ ಟಾಲರ್ (ಆಗಿನ ಬೆಳ್ಳಿ ನಾಣ್ಯ) ಕೊಡಲು ಒಪ್ಪಿದ. ಯಾಕೆ? ಜರ್ಮನ್ ಸೀಮೆಯ ಕ್ಯಾಥೊಲಿಕ್ ಚಕ್ರವರ್ತಿಯನ್ನು ಹೊಡೆಯಲಿ ಅಂತ. ಆಚೆ ಕಡೆ ಜರ್ಮನ್ ಸೀಮೆಯದೇ ಸ್ಯಾಕ್ಸನಿಯ ದೊರೆ ಲೂಥರನ್, ಅಂದರೆ ಪ್ರಾಟೆಸ್ಟಂಟ್. ಅವನು 1620ರಲ್ಲಿ ಚಕ್ರವರ್ತಿಯ ಪರವಾಗಿ ಪ್ರಾಟೆಸ್ಟಂಟರ ಮೇಲೆಯೇ ದಂಡೆತ್ತಿ ಹೋದ. ಇದು ಯಾವ ಧರ್ಮಯುದ್ಧ?

ಸುರೇಶ ಚಿಕ್ಕಪ್ಪ: ಹಾಗಾದರೆ ಕಿಟಕಿಯಿಂದ ಯಾಕೆ ಎಸೆದರು? ಸಂಬಳ ಜಾಸ್ತಿ ಮಾಡಲಿಲ್ಲ ಅಂತಲಾ?

ವಿಮಲತ್ತೆ: ಇದು ಒಳ್ಳೇ ಪ್ರಶ್ನೆ. 1609ರಲ್ಲಿ ಚಕ್ರವರ್ತಿ ಎರಡನೇ ರುಡಾಲ್ಫ್ ಬೊಹೀಮಿಯಾದ (ಪ್ರಾಗ್ ಇರುವ ಸೀಮೆ) ಪ್ರಾಟೆಸ್ಟಂಟರಿಗೆ ಅವರ ಧರ್ಮ ಅವರಿಗೆ ಅಂತ ಬರೆದುಕೊಟ್ಟಿದ್ದ. ಆಮೇಲೆ ಬಂದವರು ಒಂದು ಊರಿನಲ್ಲಿ ಅವರ ಚರ್ಚು ಮುಚ್ಚಿಸಿದರು, ಇನ್ನೊಂದು ಊರಿನಲ್ಲಿ ಕೆಡವಿಸಿದರು. ಬರೆದುಕೊಟ್ಟದ್ದನ್ನು ಮುರಿದರು ಅನ್ನುವುದೇ ಕೋಪ. ಸುರೇಶ ಹೇಳುವುದರಲ್ಲಿ ಹುರುಳಿದೆ.

ಸುರೇಶ ಚಿಕ್ಕಪ್ಪ: ನೋಡಿದೆಯಾ ರಾಘು 😎

ರಾಘು: ಅತ್ತೆ, 1620ರ ನವೆಂಬರ್ 8ಕ್ಕೆ ಬಿಳಿ ಗುಡ್ಡದ ಕಾಳಗ ಆಯಿತು. ಸುಮಾರು ಎರಡೇ ಗಂಟೆ. ಚಕ್ರವರ್ತಿಯ ಪಡೆಗೆ ಬೊಹೀಮಿಯಾದವರು ಸೋತರು. ಮುಂದಿನ ವರ್ಷ ಪ್ರಾಗ್‌ನ ಹಳೇ ಊರ ಚೌಕದಲ್ಲಿ 27 ಜನರನ್ನು ಕೊಂದರು. ಅವರಲ್ಲಿ ಒಬ್ಬ ಕ್ಯಾಥೊಲಿಕ್. ಧರ್ಮ ನೋಡಿ ಅವನ ತಲೆ ತೆಗೆದರಾ? ರಾಜದ್ರೋಹ ನೋಡಿ ತೆಗೆದರು.

ಸುರೇಶ ಚಿಕ್ಕಪ್ಪ: ಉಳಿದ 26?

ವಿಮಲತ್ತೆ: ಅದನ್ನೇ ನಾನೂ ಕೇಳುತ್ತಿದ್ದೆ. ಅಷ್ಟಕ್ಕೇ ನಿಲ್ಲಲಿಲ್ಲ ರಾಘು. 1627ರಲ್ಲಿ ಆಗಿನ ಚಕ್ರವರ್ತಿ ಎರಡನೇ ಫರ್ಡಿನಂಡ್ ಅಲ್ಲಿ ಕ್ಯಾಥೊಲಿಕ್ ಧರ್ಮ ಒಂದೇ ಅಂದ. ಪ್ರಾಟೆಸ್ಟಂಟ್ ಶ್ರೀಮಂತರು ಮತ ಬದಲಿಸಬೇಕು, ಇಲ್ಲಾ ದೇಶ ಬಿಡಬೇಕು. ಸಾವಿರಾರು ಮನೆತನಗಳು ಗಂಟುಮೂಟೆ ಕಟ್ಟಿದವು. ಅವನು ನಾಟಕ ಆಡುತ್ತಿರಲಿಲ್ಲ. ನಿಜವಾಗಿಯೂ ನಂಬಿದ್ದ.

ರಾಘು: ಅವರ ಜಮೀನು ಯಾರಿಗೆ ಹೋಯಿತು ಅಂತಲೂ ಹೇಳಿ ಅತ್ತೆ. ವಾಲೆನ್‌ಸ್ಟೈನ್‌ನಂಥವರು ಅಗ್ಗಕ್ಕೆ ಹೊಡೆದುಕೊಂಡರು. ಹುಟ್ಟಾ ಪ್ರಾಟೆಸ್ಟಂಟ್ ಆಸಾಮಿ, ಮತ ಬದಲಿಸಿ ಚಕ್ರವರ್ತಿಯ ಸೇನಾಪತಿಯಾದ. ಕೊನೆಗೆ 1634ರಲ್ಲಿ ಚಕ್ರವರ್ತಿಯ ಕಡೆಯವರೇ ಅವನನ್ನು ಮುಗಿಸಿದರು.

ಶಾಂತಾ ಚಿಕ್ಕಮ್ಮ: ರೀ, ಗ್ಯಾಸ್ ಬುಕ್ ಮಾಡಿದ್ರಾ?

ಸುರೇಶ ಚಿಕ್ಕಪ್ಪ: ಮಾಡ್ತೀನಿ ಮಾರಾಯ್ತಿ. ಯುದ್ಧ ನಡೀತಿದೆ.

ಮೇಘನಾ: ಈಗ ನೋಡಿದೆ. "ಅರ್ಧ ಯುರೋಪ್" ತಪ್ಪು ಚಿಕ್ಕಪ್ಪ. ಹೆಚ್ಚು ಏಟು ಬಿದ್ದದ್ದು ಜರ್ಮನ್ ಸೀಮೆಗೆ. ಅಲ್ಲೂ ಎಲ್ಲಾ ಕಡೆ ಒಂದೇ ಥರ ಇಲ್ಲ. ಹ್ಯಾಂಬರ್ಗ್ ವ್ಯಾಪಾರ ಮಾಡಿಕೊಂಡು ಚೆನ್ನಾಗಿಯೇ ಇತ್ತು. ಮಾಗ್ಡೆಬರ್ಗ್ ಮಾತ್ರ 1631ರ ಮೇ 20ರಂದು ಸುಟ್ಟುಹೋಯಿತು, ಸುಮಾರು 20,000 ಜನ ಸತ್ತರು. ಕತ್ತಿಗಿಂತ ಪ್ಲೇಗು, ಹಸಿವಿಗೇ ಜನ ಹೆಚ್ಚು ಹೋದರು.

ಮೇಘನಾ: ಸ್ವೀಡನ್ ರಾಜ ಗುಸ್ತಾವ್ ಅಡಾಲ್ಫ್ 1632ರಲ್ಲಿ ಕಾಳಗದಲ್ಲಿ ಸತ್ತ ಊರು ಲ್ಯುಟ್ಸೆನ್ ನಮ್ಮ ಲೈಪ್‌ಜಿಗ್‌ಗೆ ಹತ್ತಿರ. ರಾಜನಿಗೆ ಅಲ್ಲಿ ಸ್ಮಾರಕ ಇದೆ. ಸಿಪಾಯಿಗಳಿಗೆ? 2011ರಲ್ಲಿ ಅಗೆದಾಗ ಒಂದೇ ಗುಂಡಿಯಲ್ಲಿ 47 ಅಸ್ಥಿಪಂಜರ ಸಿಕ್ಕಿದವು.

ವಿಮಲತ್ತೆ: ಸರಿಯಾಗಿ ಹೇಳಿದೆ ಮೇಘು. ಸುರೇಶ, ರಾಘು, ನೀವಿಬ್ಬರೂ ದೊರೆಗಳ ಮನಸ್ಸಿನಲ್ಲಿ ಏನಿತ್ತು ಅಂತ ಕಚ್ಚಾಡುತ್ತಿದ್ದೀರಿ. ಸಿಪಾಯಿಯನ್ನು ನೋಡಿ. ಪೀಟರ್ ಹಾಗೆನ್‌ಡಾರ್ಫ್ ಅಂತ ಒಬ್ಬ ಸಾದಾ ಸಿಪಾಯಿ. ಅವನ ದಿನಚರಿ ಬರ್ಲಿನ್‌ನ ಗ್ರಂಥಾಲಯದಲ್ಲಿ ಸಿಕ್ಕಿತು. ಮಾಗ್ಡೆಬರ್ಗ್‌ಗೆ ನುಗ್ಗುವಾಗ ಅವನಿಗೆ ಗುಂಡು ಬಿತ್ತು. ಹೆಂಡತಿ ಉರಿಯುವ ಊರಿನೊಳಗೆ ಹೋಗಿ ಹಾಸಿಗೆ ಬಟ್ಟೆ, ವೈನ್ ಹೊತ್ತು ತಂದಳು. ಆಗ ಅವನು ಕ್ಯಾಥೊಲಿಕರ ಪಡೆಯಲ್ಲಿದ್ದ. 1633ರಲ್ಲಿ ಸ್ವೀಡನ್ನಿನವರು ಹಿಡಿದರು, ಅವರ ಪಡೆಗೆ ಸೇರಿಕೊಂಡ. ಮರುವರ್ಷ ಅವರು ಸೋತರು, ವಾಪಸ್ ಹಳೇ ಪಡೆಗೆ ಬಂದ. ಸಂಬಳ ಎಲ್ಲಿಯೂ ಸರಿಯಾಗಿ ಬರುತ್ತಿರಲಿಲ್ಲ. ಸಿಕ್ಕ ಊರನ್ನು ಸುಲಿಯುವುದೇ ಸಂಬಳ. ಅದಕ್ಕೇ ಈ ಯುದ್ಧ ಇಷ್ಟು ಎಳೆಯಿತು ಅನ್ನುತ್ತೇನೆ ನಾನು. ಸಂಬಳ ಬಾಕಿ ಇಟ್ಟುಕೊಂಡು ಸೈನ್ಯವನ್ನು ಮನೆಗೆ ಕಳುಹಿಸಲು ಯಾರಿಗೂ ಧೈರ್ಯ ಇರಲಿಲ್ಲ. ಯುದ್ಧ ಮುಗಿಸಿದ 1648ರ ಒಪ್ಪಂದದಲ್ಲೂ ಸ್ವೀಡನ್ ಸೈನಿಕರಿಗೆ 50 ಲಕ್ಷ ಟಾಲರ್ ಕೊಡಬೇಕಾಯಿತು.

ರಾಘು: ಅದೇ ಅತ್ತೆ! ದುಡ್ಡು!

ಸುರೇಶ ಚಿಕ್ಕಪ್ಪ: ನಿಲ್ಲು ನಿಲ್ಲು. ಒಪ್ಪಂದದ ಮಾತು ಬಂತಲ್ಲ, ನಾನೂ ಓದಿದ್ದೇನೆ. ಬರೀ ದುಡ್ಡಾದರೆ ಒಂದೇ ಊರಿನಲ್ಲಿ ಕೂತು ಮಾತಾಡಬಹುದಿತ್ತು. ಕೂತದ್ದು ಜರ್ಮನ್ ಸೀಮೆಯ ಎರಡು ಊರುಗಳಲ್ಲಿ: ಕ್ಯಾಥೊಲಿಕರು ಮ್ಯೂನ್‌ಸ್ಟರ್‌ನಲ್ಲಿ, ಸ್ವೀಡನ್ನಿನವರು ಓಸ್ನಾಬ್ರುಕ್‌ನಲ್ಲಿ. ಪೋಪನ ದೂತ ಪ್ರಾಟೆಸ್ಟಂಟರ ಎದುರು ಕೂರಲು ಒಪ್ಪಲಿಲ್ಲ. ಆಮೇಲೆ ಪೋಪ್ ಆ ಒಪ್ಪಂದವೇ ಚಲಾವಣೆಯಿಲ್ಲ ಅಂದ.

ವಿಮಲತ್ತೆ: ಅಂದ. ಕೇಳಿದವರು ಯಾರು? ಕ್ಯಾಥೊಲಿಕ್ ದೊರೆಗಳೇ ಸಹಿ ಹಾಕಿ ಮನೆಗೆ ಹೋದರು.

ಮೇಘನಾ: ಓಸ್ನಾಬ್ರುಕ್‌ನ ಮಜಾ ಕೇಳಿ. ಅಲ್ಲಿ ಒಂದು ಸಲ ಕ್ಯಾಥೊಲಿಕ್ ಬಿಷಪ್ ಆಳಬೇಕು, ಅವನ ನಂತರ ಪ್ರಾಟೆಸ್ಟಂಟ್. ಹೀಗೆ ಪಾಳಿ. 150 ವರ್ಷ ನಡೆಯಿತು. ಉಳಿದ ಕಡೆ 1624ರ ಜನವರಿ 1ರಂದು ಚರ್ಚು ಯಾರ ಕೈಯಲ್ಲಿತ್ತೋ ಅವರಿಗೇ.

ರಾಘು: ನಮ್ಮ ಆಸ್ತಿ ಭಾಗ ಇದಕ್ಕಿಂತ ಕಷ್ಟ ಆಯ್ತು 😅

ಶಾಂತಾ ಚಿಕ್ಕಮ್ಮ: ಅದನ್ನ ಇಲ್ಲಿ ಎತ್ತಬೇಡ.

ಸುರೇಶ ಚಿಕ್ಕಪ್ಪ: ಸರಿ, "ಬರೀ" ಅನ್ನುವುದನ್ನು ತೆಗೆಯುತ್ತೇನೆ. ಧರ್ಮ ಇರುತ್ತದೆ. "30 ವರ್ಷ" ಆದರೂ ಸರಿ ಇದೆಯಾ, ಅದಕ್ಕೂ ತಕರಾರಾ?

ವಿಮಲತ್ತೆ: ಜರ್ಮನ್ ಸೀಮೆಗೆ ಲೆಕ್ಕ ಸರಿ. ಫ್ರಾನ್ಸ್, ಸ್ಪೇನ್ ಮಾತ್ರ 1659ರವರೆಗೂ ಹೊಡೆದಾಡುತ್ತಲೇ ಇದ್ದವು.

ರಾಘು: ಇಬ್ಬರೂ ಕ್ಯಾಥೊಲಿಕರು ಚಿಕ್ಕಪ್ಪ.