ಥಾಯ್ ರುಚಿಯ ಚಿಕನ್ ಉಂಡೆ ಓವನ್‌ನಲ್ಲಿ: ಉಂಡೆ ಪುಡಿಯಾಗುತ್ತದೆ, ಸಾಸ್ ನೀರಾಗುತ್ತದೆ, ಏಕೆ?

ಹಬೆಪಾತ್ರೆ

ಎಣ್ಣೆಯಲ್ಲಿ ಕರಿಯದೆ ಓವನ್‌ನಲ್ಲೇ ಬೇಯಿಸುವ ಥಾಯ್ ರುಚಿಯ ಚಿಕನ್ ಕೈಮಾ ಉಂಡೆಯ ಹದ ಸಿಗುತ್ತಿಲ್ಲ. ಈಗಿನ ಅಳತೆ ಹೀಗಿದೆ.

ಉಂಡೆಗೆ: ಚರ್ಮ ತೆಗೆದ ಎದೆ ಮಾಂಸದ ಕೈಮಾ 500 ಗ್ರಾಂ, ರೆಡ್ ಕರಿ ಪೇಸ್ಟ್ 2 ಟೇಬಲ್ ಚಮಚ, ಫಿಶ್ ಸಾಸ್ 1 ಟೇಬಲ್ ಚಮಚ, ಒಂದು ನಿಂಬೆಹಣ್ಣಿನ ರಸ, ತುರಿದ ಹಸಿಶುಂಠಿ 1 ಟೇಬಲ್ ಚಮಚ, ಒಂದು ಮೊಟ್ಟೆ, ಒಣ ಬ್ರೆಡ್ ಪುಡಿ 2 ಟೇಬಲ್ ಚಮಚ, ಒಂದಿಷ್ಟು ಕೊತ್ತಂಬರಿ ಸೊಪ್ಪು. ಎಲ್ಲ ಒಟ್ಟಿಗೆ ಕಲಸಿ, ಮೂರು ಗಂಟೆ ಫ್ರಿಜ್‌ನಲ್ಲಿಟ್ಟು, ಉಂಡೆ ಕಟ್ಟಿ 170 ಡಿಗ್ರಿ ಸೆಲ್ಸಿಯಸ್‌ನಲ್ಲಿ 35 ನಿಮಿಷ.

ಸಾಸ್‌ಗೆ: ವಿನಿಗರ್, ನೀರು, ಸಕ್ಕರೆ ತಲಾ ಅರ್ಧ ಕಪ್, ಹಣ್ಣು ಮೆಣಸಿನಕಾಯಿ, ಬೆಳ್ಳುಳ್ಳಿ, 1 ಟೇಬಲ್ ಚಮಚ ಕಾರ್ನ್‌ಫ್ಲೋರ್. ಎಲ್ಲವನ್ನೂ ಸೇರಿಸಿ 15 ನಿಮಿಷ ಕುದಿಸುವುದು.

ಉಂಡೆಯ ಹೊರಗೆ ರಬ್ಬರಿನಂಥ ಸಿಪ್ಪೆ, ಒಳಗೆ ಒಣಗಿದ ಹಿಟ್ಟಿನ ಹಾಗೆ ಉದುರು. ತಳ ಚಪ್ಪಟೆ, ಸುತ್ತ ಮೊಸರೊಡೆದಂಥ ಬಿಳಿ ಗಂಟು. ಬಣ್ಣವೂ ಬರುವುದಿಲ್ಲ. ಸಾಸ್ ಮೊದಲು ಗಟ್ಟಿಯಾಗಿ, ಆಮೇಲೆ ನೀರಾಗುತ್ತದೆ. ಎಲ್ಲೆಲ್ಲಿ ಏನೇನು ಬದಲಿಸಬೇಕು?

ಕುಟ್ಟಾಣಿ

ಮಾಂಸದಿಂದಲೇ ಶುರು ಮಾಡೋಣ. ಎದೆ ಮಾಂಸದಲ್ಲಿ ಕೊಬ್ಬು ಇಲ್ಲವೆನ್ನುವಷ್ಟು ಕಡಿಮೆ. ಅದನ್ನು ಕೈಮಾ ಮಾಡಿ 35 ನಿಮಿಷ ಬೇಯಿಸಿದರೆ ಉಳಿಯುವುದು ನಾರು ಮಾತ್ರ. ಮೂಳೆ ಬಿಡಿಸಿದ ತೊಡೆ ಮಾಂಸವೇ ಇದಕ್ಕೆ ಸರಿ. ಸ್ವಲ್ಪ ಚರ್ಮವೂ ಸೇರಿದರೆ ಇನ್ನೂ ಒಳ್ಳೆಯದು. ಎದೆಯೇ ಬೇಕೆಂದರೆ ಅರ್ಧ ಎದೆ, ಅರ್ಧ ತೊಡೆ ಮಾಡಿ, ಮೇಲೆ 1 ಟೇಬಲ್ ಚಮಚ ಎಣ್ಣೆ ಹಾಕಿ.

ಎರಡನೆಯದು ನಿಂಬೆರಸ. ಹುಳಿ ತಗುಲಿದ ಕೈಮಾ ಒಲೆ ಕಾಣುವ ಮೊದಲೇ ಅರೆಬೆಂದ ಹಾಗೆ ಬೆಳ್ಳಗಾಗಿ ನೀರು ಬಿಡಲು ಶುರುಮಾಡುತ್ತದೆ. ಆಮೇಲೆ ಎಷ್ಟು ಕಲಸಿದರೂ ಹಿಡಿತ ಬರುವುದಿಲ್ಲ. ಕೈಮಾಗೆ ನಿಂಬೆಯ ಹಸಿರು ಸಿಪ್ಪೆಯ ತುರಿ ಸಾಕು, ರಸ ಸಾಸ್‌ಗೆ ಹೋಗಲಿ.

ಮೂರನೆಯದನ್ನು ಹೆಚ್ಚಿನವರು ಗಮನಿಸುವುದೇ ಇಲ್ಲ: ಹಸಿಶುಂಠಿ. ಅದರಲ್ಲಿ ಜಿಂಜಿಬೇನ್ ಎಂಬ ಕಿಣ್ವವಿದೆ, ಪಪ್ಪಾಯಿ ಕಾಯಿಯ ಹಾಲಿನಂತೆಯೇ ಮಾಂಸವನ್ನು ಕರಗಿಸುತ್ತದೆ. ದೊಡ್ಡ ತುಂಡಿಗಾದರೆ ಅದು ಉಪಕಾರ. ಕೈಮಾ ಜೊತೆ ಮೂರು ಗಂಟೆ ಇಟ್ಟರೆ ಮಾಂಸ ಹಿಟ್ಟಾಗುತ್ತದೆ. ನಿಮ್ಮ 'ಹಿಟ್ಟಿನ ಹಾಗೆ ಉದುರು' ಎಂಬುದರಲ್ಲಿ ಇದರ ಪಾಲು ದೊಡ್ಡದು. ಶುಂಠಿಯನ್ನು ಒಂದು ಚಮಚ ಎಣ್ಣೆಯಲ್ಲಿ ಒಂದೆರಡು ನಿಮಿಷ ಚೆನ್ನಾಗಿ ಹುರಿದು, ಆರಿಸಿ ಸೇರಿಸಿ. ಬಿಸಿಗೆ ಕಿಣ್ವ ಸಾಯುತ್ತದೆ, ವಾಸನೆ ಉಳಿಯುತ್ತದೆ. ಕರಿ ಪೇಸ್ಟಿನಲ್ಲಿ ಶುಂಠಿಯ ಜಾತಿಯ ಗಲಾಂಗಲ್ ಗೆಡ್ಡೆ ಇದ್ದೇ ಇರುವುದರಿಂದ ಶುಂಠಿ ಪೂರ್ತಿ ಬಿಟ್ಟರೂ ನಷ್ಟವಿಲ್ಲ.

ಬದಲಿಗೆ ಥಾಯ್ ಅಡುಗೆಯ ಬುನಾದಿ ಮಸಾಲೆಯನ್ನು ಹಾಕಿ ನೋಡಿ: ಕೊತ್ತಂಬರಿ ಬೇರು, ಬೆಳ್ಳುಳ್ಳಿ, ಬಿಳಿ ಕಾಳುಮೆಣಸು. ಅಲ್ಲಿ ಇದಕ್ಕೆ 'ಮೂವರು ಗೆಳೆಯರು' ಎಂಬ ಅರ್ಥದ ಹೆಸರೇ ಇದೆ. 500 ಗ್ರಾಂಗೆ 4 ಬೇರು, 4 ಎಸಳು, ಮುಕ್ಕಾಲು ಟೀ ಚಮಚ ಮೆಣಸು. ಮೊದಲು ಮೆಣಸು ಪುಡಿಯಾಗಲಿ, ಆಮೇಲೆ ಬೇರು, ಕೊನೆಗೆ ಬೆಳ್ಳುಳ್ಳಿ; ಒಟ್ಟಿಗೆ ಹಾಕಿದರೆ ಕಾಳು ಜಾರಿಕೊಂಡೇ ಇರುತ್ತದೆ. ಬೇರು ಸಿಗದಿದ್ದರೆ ದಂಟಿನ ಬುಡ ನಡೆಯುತ್ತದೆ, ಎಲೆಗೆ ಆ ಘಮವಿಲ್ಲ. ನಿಂಬೆಹುಲ್ಲು ಹಾಕುವುದಾದರೆ ಹೊರಗಿನ ಎರಡು ಪದರ ಸುಲಿದು ಬುಡದ 8 ಸೆಂ.ಮೀ. ಮಾತ್ರ, ಅದೂ ನುಣ್ಣಗೆ ಹೆಚ್ಚಿ ಕುಟ್ಟಿ. ಮೇಲಿನ ಭಾಗ ಎಷ್ಟು ಬೆಂದರೂ ಹಲ್ಲಿಗೆ ಕಡ್ಡಿಯಂತೆ ಸಿಗುತ್ತದೆ.

ಒಣ ಬ್ರೆಡ್ ಪುಡಿಯನ್ನು ಹಾಗೇ ಸುರಿಯಬೇಡಿ, ಅದು ಮಾಂಸದ ನೀರನ್ನೇ ಕುಡಿಯುತ್ತದೆ. 40 ಗ್ರಾಂ ಪುಡಿಯನ್ನು 4 ಟೇಬಲ್ ಚಮಚ ತೆಂಗಿನ ಹಾಲಿನಲ್ಲಿ ಹತ್ತು ನಿಮಿಷ ನೆನೆಸಿ ಗಂಜಿಯಂತಾದ ಮೇಲೆ ಸೇರಿಸಿ. ಈ ಗಂಜಿ ಬೇಯುವಾಗ ನೀರು ಹಿಡಿದಿಡುತ್ತದೆ, ಮಾಂಸದ ಕಣಗಳು ಬಿಗಿದುಕೊಳ್ಳದಂತೆ ನಡುವೆ ನಿಲ್ಲುತ್ತದೆ. ಇದಿದ್ದರೆ ಮೊಟ್ಟೆ ಬೇಡ. ಹಾಕಲೇಬೇಕೆಂದರೆ ಹಳದಿ ಭಾಗ ಮಾತ್ರ.

ಕಲಸುವ ಕ್ರಮ: ಫ್ರಿಜ್‌ನಿಂದ ಆಗಷ್ಟೇ ತೆಗೆದ ಕೈಮಾಗೆ ಮೊದಲು ಫಿಶ್ ಸಾಸ್ ಮತ್ತು ಕರಿ ಪೇಸ್ಟ್ ಮಾತ್ರ. ಒಂದೂವರೆ ನಿಮಿಷ ಒಂದೇ ದಿಕ್ಕಿಗೆ ಜೋರಾಗಿ ಕಲಸಿದರೆ ಉಪ್ಪು ಮಾಂಸದ ಪ್ರೋಟೀನನ್ನು ಹೊರಗೆಳೆದು ಕೈಗೆ ಅಂಟುವ ಜಿಗುಟು ಬರುತ್ತದೆ. ಉಂಡೆಯನ್ನು ಹಿಡಿದಿಡುವುದು ಮೊಟ್ಟೆಗಿಂತ ಹೆಚ್ಚಾಗಿ ಇದೇ. ಆಮೇಲೆ ಗಂಜಿ, ಕುಟ್ಟಿದ ಮಸಾಲೆ, ಸೊಪ್ಪು, ಬೆರೆತರೆ ಸಾಕು.

ಉಪ್ಪಿನ ಲೆಕ್ಕ: 1 ಟೇಬಲ್ ಚಮಚ ಫಿಶ್ ಸಾಸ್‌ನಲ್ಲಿ ಸುಮಾರು 4 ಗ್ರಾಂ ಉಪ್ಪು ಇರುತ್ತದೆ. 500 ಗ್ರಾಂ ಮಾಂಸಕ್ಕೆ ಒಟ್ಟು 6-7 ಗ್ರಾಂ ಬೇಕು. ಉಳಿದದ್ದನ್ನು ಪೇಸ್ಟ್ ಕೊಡುತ್ತದೆ, ಆದರೆ ಪೇಸ್ಟಿನಿಂದ ಪೇಸ್ಟಿಗೆ ಉಪ್ಪು ಬೇರೆ. ಆದ್ದರಿಂದ ಒಂದು ಚಮಚದಷ್ಟನ್ನು ಬಾಣಲೆಯಲ್ಲಿ ತಟ್ಟಿ ಬೇಯಿಸಿ ತಿಂದು ನೋಡಿ, ಆಮೇಲೆ ಉಂಡೆ ಕಟ್ಟಿ. ಹಸಿ ಕೋಳಿ ಕೈಮಾ ನಾಲಿಗೆಗೆ ಮುಟ್ಟಿಸಿ ರುಚಿ ನೋಡುವುದು ಬೇಡವೇ ಬೇಡ.

ಇನ್ನು ಓವನ್. 170 ಡಿಗ್ರಿಯಲ್ಲಿ ಬಣ್ಣ ಬರುವ ಹೊತ್ತಿಗೆ ಒಳಗಿನ ರಸ ಮುಗಿದಿರುತ್ತದೆ. 220ಕ್ಕೆ ಪೂರ್ತಿ ಕಾಯಲಿ, ಫ್ಯಾನ್ ಇದ್ದರೆ 200. ಉಂಡೆ ತಲಾ 25 ಗ್ರಾಂ, ಅಂದರೆ ಮೂರೂವರೆ ಸೆಂ.ಮೀ. ಅಡ್ಡಳತೆ, ಈ ಅಳತೆಗೆ 26-27 ಉಂಡೆ ಬರುತ್ತವೆ. ತೂಗಿಯೇ ಕಟ್ಟಿ, ಚಿಕ್ಕದು ದೊಡ್ಡದು ಬೆರೆತರೆ ಒಂದು ಒಣಗುತ್ತದೆ, ಇನ್ನೊಂದು ಹಸಿ. ಕಟ್ಟಿದ ಮೇಲೆ 20 ನಿಮಿಷ ಫ್ರಿಜ್. ಮೇಲೆ ಎಣ್ಣೆ ಸವರಿ, ಟ್ರೇ ಮೇಲೆ ತಂತಿ ಜಾಲರಿ ಇಟ್ಟು ಅದರ ಮೇಲೆ ಜೋಡಿಸಿದರೆ ತಳ ಚಪ್ಪಟೆಯಾಗುವುದಿಲ್ಲ. ಜಾಲರಿ ಇಲ್ಲವೆಂದರೆ ಟ್ರೇಯನ್ನೂ ಓವನ್ ಜೊತೆಗೇ ಕಾಯಿಸಿ, 8ನೇ ನಿಮಿಷಕ್ಕೆ ಉಂಡೆ ಉರುಳಿಸಿ. 12ರಿಂದ 15 ನಿಮಿಷ ಸಾಕು. ಗಡಿಯಾರಕ್ಕಿಂತ ಥರ್ಮಾಮೀಟರ್ ನಂಬಿ: ನಡುವಿನಲ್ಲಿ 74 ಡಿಗ್ರಿ ತೋರಿಸಿದ ತಕ್ಷಣ ಹೊರಗೆ. ಒಳಗಿನ ಬಣ್ಣ ನೋಡಿ ತೀರ್ಮಾನಿಸಬೇಡಿ, ಕರಿ ಪೇಸ್ಟಿನ ಕೆಂಪು ಮೋಸ ಮಾಡುತ್ತದೆ.

ಆ ಬಿಳಿ ಗಂಟು ಕೊಬ್ಬಲ್ಲ, ಮಾಂಸದ ರಸದಲ್ಲಿರುವ ಪ್ರೋಟೀನು. ರಸ ಹಿಂಡಿ ಹೊರಬಂದು ಟ್ರೇ ಮೇಲೆ ಹೆಪ್ಪುಗಟ್ಟುತ್ತದೆ. ಮೇಲಿನದೆಲ್ಲ ಸರಿಯಾದರೆ ಅದು ತಾನಾಗಿಯೇ ಕಡಿಮೆಯಾಗುತ್ತದೆ.

ಹುಳಿಖಾರ

ಮಾಂಸದ ವಿಷಯ ಕುಟ್ಟಾಣಿ ಹೇಳಿದ್ದಾರೆ, ನಾನು ಸಾಸ್ ನೋಡುತ್ತೇನೆ.

ವಿನಿಗರ್ ಹುಳಿಯಲ್ಲಿ ಕಾರ್ನ್‌ಫ್ಲೋರನ್ನು 15 ನಿಮಿಷ ಕುದಿಸಿದರೆ ಪಿಷ್ಟ ತುಂಡಾಗಿ ಹಿಡಿತ ಬಿಡುತ್ತದೆ. ನಿಮ್ಮ ಸಾಸ್ ಗಟ್ಟಿಯಾಗಿ ಮತ್ತೆ ತೆಳ್ಳಗಾಗುವುದಕ್ಕೆ ಕಾರಣ ಅಷ್ಟೇ. ಥಾಯ್ ಸಿಹಿಖಾರದ ಸಾಸ್‌ಗೆ ಅಲ್ಲಿನ ಹೆಸರು 'ನಾಮ್ ಚಿಮ್ ಕೈ', ಕೋಳಿಗೆ ಅದ್ದಿಕೊಳ್ಳುವ ಸಾಸ್ ಎಂದೇ ಅರ್ಥ. ಅಳತೆ: ಅಕ್ಕಿ ವಿನಿಗರ್ 120 ಮಿ.ಲೀ., ನೀರು 120 ಮಿ.ಲೀ., ಸಕ್ಕರೆ 100 ಗ್ರಾಂ, ಹಣ್ಣು ಮೆಣಸಿನಕಾಯಿ 5, ಬೆಳ್ಳುಳ್ಳಿ 4 ಎಸಳು, ಉಪ್ಪು 1 ಟೀ ಚಮಚ. ಮೆಣಸಿನಕಾಯಿ, ಬೆಳ್ಳುಳ್ಳಿಯನ್ನು ತರಿತರಿಯಾಗಿ ಕುಟ್ಟಿ. ಮಿಕ್ಸಿಯಲ್ಲಿ ನುಣ್ಣಗಾದರೆ ಸಾಸ್ ಕದಡಿ ಕೆಚಪ್ಪಿನಂತೆ ಕಾಣುತ್ತದೆ. ಪಿಷ್ಟ ಬಿಟ್ಟು ಉಳಿದದ್ದನ್ನೆಲ್ಲ 8 ನಿಮಿಷ ಸಣ್ಣಗೆ ಕುದಿಸಿ. ಕೊನೆಗೆ 1 ಟೇಬಲ್ ಚಮಚ ಟ್ಯಾಪಿಯೋಕಾ ಪಿಷ್ಟವನ್ನು 2 ಟೇಬಲ್ ಚಮಚ ತಣ್ಣೀರಿನಲ್ಲಿ ಕದಡಿ, ಕಲಕುತ್ತಲೇ ಸುರಿದು, ಪಾರದರ್ಶಕವಾಗಿ ಹೊಳಪು ಬಂದ ಕೂಡಲೇ ಇಳಿಸಿ. ಕಾರ್ನ್‌ಫ್ಲೋರಾದರೂ ನಡೆಯುತ್ತದೆ, ಹೊಳಪು ಸ್ವಲ್ಪ ಕಡಿಮೆ. ಬಿಸಿಯಲ್ಲಿ ತುಸು ತೆಳ್ಳಗಿರುವಾಗಲೇ ನಿಲ್ಲಿಸಬೇಕು, ಆರಿದ ಮೇಲೆ ಗಟ್ಟಿಯಾಗುತ್ತದೆ.

ಇದು ಸಿಹಿ ಮುಂದಾದ ಸಾಸ್. ನಿಜವಾದ ಖಾರ ಬೇಕೆಂದರೆ ಈಶಾನ್ಯ ಥಾಯ್ಲೆಂಡಿನ ಈಸಾನ್ ಸೀಮೆಯ 'ನಾಮ್ ಚಿಮ್ ಜೇವ್' ನನಗೆ ಹೆಚ್ಚು ಇಷ್ಟ, ಒಲೆಯ ಕೆಲಸವೂ ಕಡಿಮೆ. ಗಟ್ಟಿ ಹುಣಸೆ ರಸ 3 ಟೇಬಲ್ ಚಮಚ, ಫಿಶ್ ಸಾಸ್ 2, ತಾಳೆಬೆಲ್ಲ 1½, ಹುರಿದು ಕುಟ್ಟಿದ ಒಣಮೆಣಸಿನಕಾಯಿ 1 ಟೇಬಲ್ ಚಮಚ, ಹೆಚ್ಚಿದ ಸಣ್ಣ ಈರುಳ್ಳಿ 2, ಕೊತ್ತಂಬರಿ ಸೊಪ್ಪು. ಮುಖ್ಯವಾದದ್ದು ಹುರಿದ ಅಕ್ಕಿಪುಡಿ, 1 ಟೇಬಲ್ ಚಮಚ. ಅಂಟಕ್ಕಿಯನ್ನು ಎಣ್ಣೆಯಿಲ್ಲದೆ ಸಣ್ಣ ಉರಿಯಲ್ಲಿ 10-12 ನಿಮಿಷ ಕಂದು ಬಣ್ಣಕ್ಕೆ ಹುರಿದು ತರಿಯಾಗಿ ಪುಡಿ ಮಾಡಬೇಕು. ಅದನ್ನು ಬಡಿಸುವಾಗ ಹಾಕಿ. ಮೊದಲೇ ಹಾಕಿದರೆ ನೆನೆದು ಸಾಸ್ ಮುದ್ದೆಯಾಗುತ್ತದೆ.

ಖಾರ ತಗ್ಗಿಸಲು ಬೀಜ ಉದುರಿಸಿ ಕೂರುವವರಿಗೆ ಒಂದು ಮಾತು: ಖಾರ ತುಂಬಿರುವುದು ಬೀಜದಲ್ಲಲ್ಲ, ಬೀಜ ಅಂಟಿಕೊಂಡಿರುವ ಬಿಳಿ ದಿಂಡಿನಲ್ಲಿ. ಅದನ್ನು ಕೆರೆದು ತೆಗೆಯಿರಿ. ಗಿಡ್ಡ ಥಾಯ್ ಮೆಣಸಿನಕಾಯಿಯ ಖಾರ ಉದ್ದನೆಯದಕ್ಕಿಂತ ಬಹಳ ಹೆಚ್ಚು, ಮೇಲಿನ ಸಂಖ್ಯೆ ಉದ್ದನೆಯದಕ್ಕೆ.

ಉಂಡೆಯನ್ನು ಸಾಸ್‌ನಲ್ಲಿ ಮುಳುಗಿಸಿಟ್ಟರೆ ಅದೂ ರಸ ಬಿಟ್ಟು ಸಾಸನ್ನು ತೆಳ್ಳಗೆ ಮಾಡುತ್ತದೆ. ಹೊಳಪಿನ ಲೇಪ ಬೇಕೆಂದರೆ ಕೊನೆಯ 3 ನಿಮಿಷ ಮಾತ್ರ ಸಾಸ್ ಸವರಿ ಮೇಲಿನ ಗ್ರಿಲ್ ಹಚ್ಚಿ, ಅಲ್ಲೇ ನಿಂತು ನೋಡುತ್ತಿರಿ. ಮೊದಲಿಂದಲೇ ಸವರಿದರೆ ಸಕ್ಕರೆ ಕರಕಲಾಗುತ್ತದೆ.

ಹಬೆಪಾತ್ರೆ

ಶುಂಠಿಯ ವಿಷಯ ಹೊಳೆದೇ ಇರಲಿಲ್ಲ. ಇನ್ನೆರಡು ಪ್ರಶ್ನೆ. ಟರ್ಕಿ ಕೈಮಾಗೂ ಇದೇ ಅಳತೆಯೇ? ತೆಂಗಿನ ಹಾಲಿನ ಕೆಂಪು ಸಾಸ್ ಮಾಡಿದರೆ ಮೇಲೆ ಎಣ್ಣೆ ತೇಲುವುದೇ ಇಲ್ಲ, ಹಸಿ ಮಸಾಲೆ ವಾಸನೆ ಉಳಿಯುತ್ತದೆ, ಅದೇಕೆ?

ಮಣ್ಣಿನಗಡಿಗೆ

ಡಬ್ಬದ ತೆಂಗಿನ ಹಾಲಿನ ಚೀಟಿ ಓದಿ. ಗೌರ್ ಗಮ್‌ನಂಥ ಅಂಟು ಸೇರಿಸಿದ ಹಾಲು ಎಷ್ಟು ಕುದಿಸಿದರೂ ಒಡೆದು ಎಣ್ಣೆ ಬಿಡುವುದಿಲ್ಲ. ತೆಂಗು, ನೀರು ಎರಡೇ ಇರುವ ಡಬ್ಬ ಆರಿಸಿ, ಅಲುಗಾಡಿಸದೆ ತೆರೆದು, ಮೇಲಿನ ಗಟ್ಟಿ ಹಾಲು 100 ಮಿ.ಲೀ. ಬಾಣಲೆಗೆ ಹಾಕಿ. ನಡು ಉರಿಯಲ್ಲಿ ನಾಲ್ಕೈದು ನಿಮಿಷಕ್ಕೆ ಅಂಚಿನಲ್ಲಿ ಎಣ್ಣೆ ಕಾಣಿಸುತ್ತದೆ. ಆಗ 2 ಟೇಬಲ್ ಚಮಚ ಪೇಸ್ಟ್ ಹಾಕಿ, ಎಣ್ಣೆ ಕೆಂಪಾಗುವವರೆಗೆ ಹುರಿಯಿರಿ. ಹಸಿ ವಾಸನೆ ಹೋಗುವುದು ಈ ಹಂತದಲ್ಲಿ ಮಾತ್ರ, ಪೂರ್ತಿ ಹಾಲು ಸುರಿದ ಮೇಲೆ ಅದು ಬರೀ ಬೇಯುತ್ತದೆ, ಹುರಿಯುವುದಿಲ್ಲ. ಅಂಟು ಸೇರಿದ ಹಾಲೇ ಕೈಯಲ್ಲಿದ್ದರೆ 1 ಟೇಬಲ್ ಚಮಚ ಎಣ್ಣೆಯಲ್ಲಿ ಪೇಸ್ಟ್ ಹುರಿದುಬಿಡಿ, ಅದೇನೂ ಅಪರಾಧವಲ್ಲ. ಆಮೇಲೆ ಉಳಿದ 300 ಮಿ.ಲೀ. ಹಾಲು ಮೂರು ಸಲಕ್ಕೆ, ತಾಳೆಬೆಲ್ಲ 1 ಟೇಬಲ್ ಚಮಚ, ಫಿಶ್ ಸಾಸ್ 2 ಟೀ ಚಮಚ, ಹರಿದ ಮಕ್ರೂಟ್ (ಥಾಯ್ ನಿಂಬೆ) ಎಲೆ 4. ಐದಾರು ನಿಮಿಷ ಸಣ್ಣ ಕುದಿ. ಉಂಡೆ ಹಾಕಿ ಮೂರು ನಿಮಿಷ. ಇಳಿಸಿದ ಮೇಲೆ ನಿಂಬೆರಸ. ಖಾರದ ಅಂಶ ಕೊಬ್ಬಿನಲ್ಲಿ ಕರಗುವುದರಿಂದ ಈ ಸಾಸ್ ಎಷ್ಟೇ ಕೆಂಪಗಿದ್ದರೂ ನಾಲಿಗೆಗೆ ಮೆತ್ತಗಿರುತ್ತದೆ, ಖಾರ ಬೇಕಾದವರು ಒಣಮೆಣಸಿನ ಪುಡಿ ಕೊನೆಗೆ ಸೇರಿಸಲಿ.

ಟರ್ಕಿಗೂ ಅದೇ 74 ಡಿಗ್ರಿ, ಅದೇ ಕ್ರಮ. ಎದೆ ಕೈಮಾ ಕೋಳಿಯಷ್ಟೇ ಒಣ, ಆದ್ದರಿಂದ ತೊಡೆಯದನ್ನು ಕೇಳಿ ತನ್ನಿ, ಇಲ್ಲವೇ ತೆಂಗಿನ ಹಾಲು ಒಂದು ಚಮಚ ಹೆಚ್ಚಿಸಿ.

ಕುಟ್ಟಾಣಿಯವರ ಒಂದು ಮಾತಿಗೆ ನನ್ನ ತಕರಾರಿದೆ. ಮೆತ್ತಗಿನ ಉಂಡೆಯೇ ಸರಿ ಎಂಬಂತೆ ಬರೆದಿದ್ದಾರೆ. ಥಾಯ್ಲೆಂಡಿನ ಬೀದಿಯಲ್ಲಿ ಸಿಗುವ 'ಲುಕ್ ಚಿನ್' ಉಂಡೆ ಪುಟಿಯಬೇಕು, ಹಲ್ಲಿಗೆ ತಿರುಗಿ ಒತ್ತಬೇಕು. ಅದಕ್ಕೆ ಬ್ರೆಡ್ ಇಲ್ಲ. ಮಾಂಸವನ್ನು ಉಪ್ಪು, ಪಿಷ್ಟ, ಐಸ್ ಜೊತೆ ಅಂಟಿನ ಮುದ್ದೆಯಾಗುವವರೆಗೆ ಅರೆದು, ಪಾತ್ರೆಗೆ ಎತ್ತಿ ಎತ್ತಿ ಬಡಿಯುತ್ತಾರೆ. 500 ಗ್ರಾಂಗೆ 2 ಟೇಬಲ್ ಚಮಚ ಟ್ಯಾಪಿಯೋಕಾ ಪಿಷ್ಟ, 60 ಗ್ರಾಂ ಪುಡಿ ಐಸ್ ಹಾಕಿ ಫುಡ್ ಪ್ರೊಸೆಸರ್‌ನಲ್ಲಿ ಅರೆದರೆ ಆ ಪುಟಿತ ಬರುತ್ತದೆ. ಮುದ್ದೆ ಬೆಚ್ಚಗಾದರೆ ಕೊಬ್ಬು ಬೇರ್ಪಟ್ಟು ಎಲ್ಲ ಕೆಡುತ್ತದೆ. 10 ಡಿಗ್ರಿ ದಾಟುವ ಮೊದಲೇ ನಿಲ್ಲಿಸಿ.

ಕುಟ್ಟಾಣಿ

ಲುಕ್ ಚಿನ್ ಬಗ್ಗೆ ಹೇಳಿದ್ದು ಸರಿ. ಆದರೆ ಅದು ಓವನ್ ಉಂಡೆಯೇ ಅಲ್ಲ. ಅದನ್ನು ಕುದಿ ಬಾರದ ಬಿಸಿನೀರಿನಲ್ಲಿ ಬೇಯಿಸಿ, ಆಮೇಲೆ ಕಡ್ಡಿಗೆ ಚುಚ್ಚಿ ಕೆಂಡದ ಮೇಲೆ ಸುಡುತ್ತಾರೆ. ಬ್ರೆಡ್ ಇಲ್ಲದ ಅರೆದ ಮುದ್ದೆಯನ್ನು ನೇರ 220ರ ಒಣ ಬಿಸಿಗೆ ಇಟ್ಟರೆ ಮೇಲ್ಮೈ ಚರ್ಮಗಟ್ಟಿ ಬಿರಿಯುತ್ತದೆ. ಹಬೆಪಾತ್ರೆಯವರು ದೂರುತ್ತಿರುವ ರಬ್ಬರ್ ಸಿಪ್ಪೆಗೇ ಮತ್ತೆ ಬಂದ ಹಾಗಾಗುತ್ತದೆ. ಪುಟಿತ ಬೇಕೆಂದರೆ 80 ಡಿಗ್ರಿ ನೀರಿನಲ್ಲಿ 10 ನಿಮಿಷ ಬೇಯಿಸಿ, ಒಳಗೆ 74 ಬಂದಿದೆಯೇ ನೋಡಿ, ನೀರು ಒರೆಸಿ, ಎಣ್ಣೆ ಸವರಿ, ಬಣ್ಣಕ್ಕೆ ಮಾತ್ರ ಓವನ್‌ನ ಗ್ರಿಲ್ ಕೆಳಗೆ ನಾಲ್ಕು ನಿಮಿಷ.

ಒಂದು ಬಿಟ್ಟುಹೋಗಿತ್ತು. ಕರಿ ಪೇಸ್ಟುಗಳಲ್ಲಿ ಬಹಳಷ್ಟಕ್ಕೆ ಸೀಗಡಿ ಪೇಸ್ಟ್ ಹಾಕಿರುತ್ತಾರೆ. ಸೀಗಡಿ ಒಗ್ಗದವರು ಊಟಕ್ಕಿದ್ದರೆ ಡಬ್ಬದ ಮೇಲಿನ ಪಟ್ಟಿ ಓದಿಯೇ ಕೊಳ್ಳಿ, ಚಿಕನ್ ಉಂಡೆ ಎಂದಾಗ ಯಾರಿಗೂ ಅನುಮಾನ ಬರುವುದಿಲ್ಲ.

ಹುಳಿಖಾರ

ಎತ್ತಿಡುವುದಾದರೆ ಬೆಂದ ಉಂಡೆ ಫ್ರಿಜ್‌ನಲ್ಲಿ ಮೂರು ದಿನ. ಹಸಿಯದನ್ನು ಟ್ರೇ ಮೇಲೆ ಬಿಡಿಬಿಡಿಯಾಗಿ ಗಟ್ಟಿಗಟ್ಟಿಸಿ ಆಮೇಲೆ ಚೀಲಕ್ಕೆ ತುಂಬಿ ಫ್ರೀಜರ್‌ಗೆ. ಕರಗಿಸದೆ ನೇರ ಓವನ್‌ಗೆ ಹಾಕಬಹುದು; 200 ಡಿಗ್ರಿಗೆ ಇಳಿಸಿ, ಸಮಯಕ್ಕೆ ಏಳೆಂಟು ನಿಮಿಷ ಸೇರಿಸಿ, ನಡುವೆ ಮತ್ತೆ ಅಳೆಯಿರಿ. ಪಿಷ್ಟ ಹಾಕಿದ ಸಾಸ್ ಮಾತ್ರ ಫ್ರೀಜರ್‌ಗೆ ಬೇಡ, ಕರಗಿದಾಗ ನೀರೂ ಲೋಳೆಯೂ ಬೇರೆಯಾಗುತ್ತವೆ.